ಮುಚ್ಚಳದೊಳಗಿನ ಎಂಟು ಗಂಟೆ

ಬೆಳಿಗ್ಗೆ ಆಲೂಗಡ್ಡೆ, ಸಂಜೆ ಹಾಲು. ನಡುವೆ ಯಾರೂ ಮುಟ್ಟುವಂತಿಲ್ಲ! ಅಮೆರಿಕದ ಈಶಾನ್ಯ ಮೂಲೆಯ ಕಾರ್ನ್ ಚೌಡರ್‌ಗೂ ಲಿಥುವೇನಿಯದ ಸಬ್ಬತ್ ಅಡುಗೆಯ ನೆನಪಿನಿಂದ ಹುಟ್ಟಿದ ಸ್ಲೋ ಕುಕ್ಕರ್‌ಗೂ ನಂಟು ಬೆಳೆದ ಕಥೆ ಇದು. ಹಗಲಿಡೀ ಬೆಂದದ್ದು ಕೊನೆಯ ಅರ್ಧ ಗಂಟೆಯಲ್ಲಿ ಕೆಡದಂತೆ ನೋಡಿಕೊಳ್ಳುವ ಬಗೆಯೂ ಇಲ್ಲಿದೆ.

ಸೆಪ್ಟೆಂಬರ್ ಬಂತೆಂದರೆ ಮ್ಯಾಸಚೂಸೆಟ್ಸ್ ರಾಜ್ಯದ ಪಶ್ಚಿಮ ಭಾಗದಲ್ಲಿ, ಕನೆಕ್ಟಿಕಟ್ ನದಿಯ ಇಕ್ಕೆಲದ ರಸ್ತೆಗಳಲ್ಲಿ ಕಾರುಗಳು ಇದ್ದಕ್ಕಿದ್ದಂತೆ ಪಕ್ಕಕ್ಕೆ ಸರಿದು ನಿಲ್ಲುತ್ತವೆ. ಹೊಲದ ಅಂಚಿಗೆ ಒಂದು ಮರದ ಮೇಜು, ಮೇಲೊಂದು ಸಣ್ಣ ಮಾಡು, ಮೇಜಿನ ತುಂಬ ಹಸಿರು ಸಿಪ್ಪೆ ಹೊದ್ದ ತೆನೆಗಳ ರಾಶಿ. ಎಷ್ಟೋ ಕಡೆ ಮಾರುವವರೇ ಇರುವುದಿಲ್ಲ. ಬೆಲೆ ಬರೆದ ಹಲಗೆ, ಪಕ್ಕದಲ್ಲಿ ದುಡ್ಡು ಹಾಕುವ ಡಬ್ಬಿ, ಅಷ್ಟೇ. ಬಂದವರು ತೆನೆಯ ಜುಟ್ಟು ನೋಡುತ್ತಾರೆ, ಸಿಪ್ಪೆಯ ಮೇಲಿಂದಲೇ ಹೆಬ್ಬೆರಳಿನಲ್ಲಿ ಒತ್ತಿ ತುದಿಯವರೆಗೆ ಕಾಳು ತುಂಬಿದೆಯೇ ಎಂದು ಅಂದಾಜು ಮಾಡುತ್ತಾರೆ, ಚೀಲ ತುಂಬಿಸಿಕೊಂಡು ಡಬ್ಬಿಗೆ ನೋಟು ತುರುಕಿ ಹೊರಡುತ್ತಾರೆ.

ಹಗಲು ಇನ್ನೂ ಬೆಚ್ಚಗಿರುತ್ತದೆ, ಸಂಜೆಗೆ ಸ್ವೆಟರ್ ಬೇಕಾಗುತ್ತದೆ. ಮೇಪಲ್ ಮರಗಳ ತುದಿ ಕೆಂಪಾಗತೊಡಗಿದೆ. ಇನ್ನು ಕೆಲವೇ ವಾರಗಳಲ್ಲಿ ಮೊದಲ ಹಿಮ ಬಿದ್ದರೆ ಆ ವರ್ಷದ ತೆನೆ ಮುಗಿದಂತೆ.

ಜುಲೈ, ಆಗಸ್ಟ್‌ನಲ್ಲಿ ಎಳೆ ತೆನೆ ಬೇಯಿಸಿ, ಬೆಣ್ಣೆ ಸವರಿ, ಕಚ್ಚಿ ತಿಂದದ್ದಾಯಿತು. ಈಗ ಅದೇ ತೆನೆ ಆಲೂಗಡ್ಡೆ, ಈರುಳ್ಳಿ, ಹಾಲಿನ ಜೊತೆ ಸೇರಿ ಗಟ್ಟಿ ಸೂಪಾಗುವ ಕಾಲ. ಒಂದು ಬಟ್ಟಲು ಕುಡಿದರೆ ರಾತ್ರಿಯ ಊಟವೇ ಆಗಿಬಿಡುವ ಈ ಸೂಪಿಗೆ ಕಾರ್ನ್ ಚೌಡರ್ ಎಂದು ಹೆಸರು.

ಬೆಳಿಗ್ಗೆ ಕೆಲಸಕ್ಕೆ ಹೋಗಿ ಸಂಜೆ ಮರಳುವ ಮನೆಗಳಲ್ಲಿ ಇದನ್ನು ಬೇಯಿಸುವ ಹೊಣೆ ಸ್ಲೋ ಕುಕ್ಕರ್‌ನದು. ಹೊರಗೆ ಲೋಹದ ಕವಚ, ಒಳಗೆ ದಪ್ಪ ಪಿಂಗಾಣಿ ಪಾತ್ರೆ, ಮೇಲೆ ಗಾಜಿನ ಮುಚ್ಚಳ. ತರಕಾರಿ ತುಂಬಿ, ಗುಂಡಿ ತಿರುಗಿಸಿ, ಬಾಗಿಲು ಹಾಕಿಕೊಂಡು ಹೋದರಾಯಿತು ಎಂಬುದು ಇದರ ಖ್ಯಾತಿ.

ಆದರೆ ಚೌಡರ್ ಈ ಖ್ಯಾತಿಗೆ ಅಷ್ಟು ಸುಲಭವಾಗಿ ಬಗ್ಗುವುದಿಲ್ಲ. ಆಲೂಗಡ್ಡೆಗೆ ಗಂಟೆಗಟ್ಟಲೆ ಬೇಕು, ತೆನೆಯ ಕಾಳಿಗೆ ಕೆಲವೇ ನಿಮಿಷ ಸಾಕು. ಹಾಲಿಗಂತೂ ಕಾದರೆ ಸಾಕು, ಬೇಯುವುದೇ ಬೇಡ. ಎಲ್ಲವನ್ನೂ ಬೆಳಿಗ್ಗೆಯೇ ಸುರಿದು ಹೋದವರಿಗೆ ಸಂಜೆ ಸಿಗುವುದು ಒಡೆದ ಹಾಲು, ರುಚಿ ಕಳೆದುಕೊಂಡ ಕಾಳು.

ಹಡಗಿನಿಂದ ಹೊಲಕ್ಕೆ

ಚೌಡರ್ ಮೊದಲು ಕಡಲಿನವರ ಅಡುಗೆ. ಅಮೆರಿಕದಲ್ಲಿ ಅಚ್ಚಾದ ಅದರ ಮೊದಲ ಪಾಕ ಕಾಣಿಸಿಕೊಂಡದ್ದು 1751ರ ಸೆಪ್ಟೆಂಬರ್ 23ರ ‘ಬಾಸ್ಟನ್ ಈವ್ನಿಂಗ್ ಪೋಸ್ಟ್’ ಪತ್ರಿಕೆಯಲ್ಲಿ, ಅದೂ ಪದ್ಯರೂಪದಲ್ಲಿ. ಈರುಳ್ಳಿ, ಉಪ್ಪು ಹಾಕಿಟ್ಟ ಹಂದಿಮಾಂಸ, ಮೀನು, ಗಟ್ಟಿ ಬಿಸ್ಕತ್ತು ಇವನ್ನು ಒಂದರ ಮೇಲೊಂದು ಪದರವಾಗಿ ಜೋಡಿಸಿ ಬೇಯಿಸುವ ಕ್ರಮ ಅದು. ಅದರಲ್ಲಿ ಹಾಲಿಲ್ಲ, ಆಲೂಗಡ್ಡೆಯೂ ಇಲ್ಲ. ತಿಂಗಳಾನುಗಟ್ಟಲೆ ಕೆಡದ ಬಿಸ್ಕತ್ತೇ ಸಾರನ್ನು ಗಟ್ಟಿ ಮಾಡುತ್ತಿತ್ತು.

ಒಂದು ಶತಮಾನದ ಬಳಿಕ ಹರ್ಮನ್ ಮೆಲ್ವಿಲ್ ತನ್ನ ‘ಮೊಬಿ ಡಿಕ್’ (1851) ಕಾದಂಬರಿಯ ಒಂದಿಡೀ ಅಧ್ಯಾಯಕ್ಕೆ ಚೌಡರ್ ಎಂದೇ ಹೆಸರಿಟ್ಟ. ನ್ಯಾಂಟಕೆಟ್ ದ್ವೀಪದ ಖಾನಾವಳಿಯೊಂದರಲ್ಲಿ ಬೆಳಿಗ್ಗೆ, ಮಧ್ಯಾಹ್ನ, ರಾತ್ರಿ ಮೂರು ಹೊತ್ತೂ ಚೌಡರ್ ಬಡಿಸುವ ಚಿತ್ರ ಅಲ್ಲಿದೆ. ಕ್ಲ್ಯಾಮ್ ಎಂಬ ಚಿಪ್ಪು ಬೇಕೇ, ಕಾಡ್ ಮೀನು ಬೇಕೇ ಎಂಬುದೊಂದೇ ಅಲ್ಲಿನ ಆಯ್ಕೆ.

ಕಡಲಿನಿಂದ ದೂರದ ರೈತರ ಮನೆಗಳಲ್ಲಿ ತಾಜಾ ಮೀನು ಎಲ್ಲಿ ಬರಬೇಕು? ಆದರೆ ಹಟ್ಟಿಯಲ್ಲಿ ಹಸು ಇತ್ತು, ನೆಲಮಾಳಿಗೆಯಲ್ಲಿ ಆಲೂಗಡ್ಡೆ ಇತ್ತು, ಪೀಪಾಯಿಯಲ್ಲಿ ಉಪ್ಪು ಹಾಕಿದ ಹಂದಿಕೊಬ್ಬು ಇತ್ತು. ಮೀನಿನ ಜಾಗಕ್ಕೆ ಮೆಕ್ಕೆಜೋಳ ಬಂತು.

1896ರಲ್ಲಿ ಫ್ಯಾನಿ ಫಾರ್ಮರ್ ಹೊರತಂದ ಬಾಸ್ಟನ್ ಅಡುಗೆ ಶಾಲೆಯ ಪುಸ್ತಕದ ಹೊತ್ತಿಗೆ ಕಾರ್ನ್ ಚೌಡರ್ ಸ್ವಂತ ಹೆಸರು ಪಡೆದಿತ್ತು. ಪುಸ್ತಕ ಮಾರಾಟವಾದೀತೆಂಬ ನಂಬಿಕೆ ಪ್ರಕಾಶಕರಿಗೆ ಇರಲಿಲ್ಲ. ಮೊದಲ 3,000 ಪ್ರತಿಗಳ ಖರ್ಚನ್ನು ಫ್ಯಾನಿಯೇ ಭರಿಸಬೇಕಾಯಿತು. ಚಿಟಿಕೆ, ಹಿಡಿ ಎಂಬ ಅಂದಾಜುಗಳ ಬದಲು ಕಪ್ಪು, ಚಮಚಗಳನ್ನು ಅಂಚಿಗೆ ಸರಿಯಾಗಿ ಸವರಿ ಅಳೆಯಬೇಕೆಂದು ಹಟ ಹಿಡಿದ ಹೆಂಗಸು ಆಕೆ.

ಆಕೆಯ ಲೆಕ್ಕ ಹೀಗಿದೆ: ಒಂದು ಡಬ್ಬಿ ಕಾರ್ನ್, ನಾಲ್ಕು ಕಪ್ ಆಲೂಗಡ್ಡೆ, ಒಂದೂವರೆ ಇಂಚಿನ ಹಂದಿಕೊಬ್ಬಿನ ತುಂಡು, ಒಂದು ಈರುಳ್ಳಿ, ನಾಲ್ಕು ಕಪ್ ಕಾಯಿಸಿದ ಹಾಲು, ಎಂಟು ಕ್ರ್ಯಾಕರ್ ಬಿಸ್ಕತ್ತು, ಮೂರು ಚಮಚ ಬೆಣ್ಣೆ. ಅಳತೆಗಿಂತ ಕ್ರಮ ಮುಖ್ಯ. ಮೊದಲು ಕೊಬ್ಬಿನಲ್ಲಿ ಈರುಳ್ಳಿ ಬಾಡಬೇಕು, ಆಮೇಲೆ ಆಲೂಗಡ್ಡೆ ನೀರಿನಲ್ಲಿ ಮೆತ್ತಗಾಗಬೇಕು. ಕಾರ್ನ್ ಮತ್ತು ಹಾಲು ಬೀಳುವುದು ಅದಾದ ಮೇಲೆಯೇ. ಸ್ಲೋ ಕುಕ್ಕರ್ ಹುಟ್ಟುವ ಎಷ್ಟೋ ವರ್ಷ ಮೊದಲು ಬರೆದಿಟ್ಟ ಈ ಕ್ರಮವನ್ನು ಇವತ್ತಿಗೂ ಮೀರುವಂತಿಲ್ಲ.

ಅಂದಹಾಗೆ, ಫ್ಯಾನಿಯ ಪಾಕದಲ್ಲಿರುವುದು ತಾಜಾ ತೆನೆಯಲ್ಲ, ಡಬ್ಬಿಯ ಕಾಳು. ನ್ಯೂ ಇಂಗ್ಲೆಂಡಿನ, ಅಂದರೆ ಅಮೆರಿಕದ ಈ ಈಶಾನ್ಯ ಮೂಲೆಯ ಮಟ್ಟಿಗೆ ಅದರಲ್ಲಿ ಆಶ್ಚರ್ಯವಿಲ್ಲ. ಎಳೆ ಮೆಕ್ಕೆಜೋಳವನ್ನು ಡಬ್ಬಿಯಲ್ಲಿ ಕೆಡದಂತೆ ಕಾಪಿಡುವ ವಿಧಾನಕ್ಕೆ ಮೇನ್ ರಾಜ್ಯದ ಐಸಾಕ್ ವಿನ್ಸ್ಲೊ ಎಂಬಾತ 1862ರಲ್ಲೇ ಪೇಟೆಂಟ್ ಪಡೆದಿದ್ದ. ಅಲ್ಲಿಂದ ಮುಂದೆ ಜನವರಿಯ ಹಿಮದಲ್ಲೂ ಕಾರ್ನ್ ಚೌಡರ್ ಮಾಡಬಹುದಾಯಿತು.

ಸುಟ್ಟ ಹೊಲಗಳ ಬೀಜ

ಮೆಕ್ಕೆಜೋಳ ಮೂಲತಃ ಮೆಕ್ಸಿಕೊದ್ದು. ನೈರುತ್ಯ ಮೆಕ್ಸಿಕೊದ ಬಾಲ್ಸಾಸ್ ನದಿ ಕಣಿವೆಯಲ್ಲಿ ಸುಮಾರು 9,000 ವರ್ಷಗಳ ಹಿಂದೆ ಟಿಯೊಸಿಂಟೆ ಎಂಬ ಕಾಡುಹುಲ್ಲನ್ನು ಅಲ್ಲಿನ ಜನ ಪಳಗಿಸಿದರು. ಅದು ಉತ್ತರಕ್ಕೆ ಹರಡಿ ಈಶಾನ್ಯ ಅಮೆರಿಕದ ಮೂಲನಿವಾಸಿಗಳ ಹೊಲ ಸೇರಿತು. ಹೋಡೆನೊಶೋನಿ ಜನ, ಅಂದರೆ ಯುರೋಪಿಯನ್ನರು ಇರಕ್ವಾ ಎಂದು ಕರೆದವರು, ಮೆಕ್ಕೆಜೋಳ, ಹುರುಳಿಕಾಯಿ, ಕುಂಬಳ ಮೂರನ್ನೂ ಒಂದೇ ಪಾತಿಯಲ್ಲಿ ಬೆಳೆದು ‘ಮೂವರು ಸೋದರಿಯರು’ ಎಂದರು. ದಂಟನ್ನು ಹಿಡಿದು ಹುರುಳಿ ಬಳ್ಳಿ ಮೇಲೇರುತ್ತದೆ, ಅದರ ಬೇರು ಮಣ್ಣಿಗೆ ಸಾರಜನಕ ಕೊಡುತ್ತದೆ, ಕುಂಬಳದ ಅಗಲ ಎಲೆ ಕಳೆಯನ್ನು ಅಡಗಿಸುತ್ತದೆ.

1779ರಲ್ಲಿ, ಸ್ವಾತಂತ್ರ್ಯ ಸಮರದ ನಡುವೆ, ಜನರಲ್ ಜಾನ್ ಸುಲಿವನ್‌ನ ಸೇನೆ ಇರಕ್ವಾ ನಾಡಿಗೆ ನುಗ್ಗಿ ಊರುಗಳನ್ನೂ ಬೆಳೆದು ನಿಂತ ಹೊಲಗಳನ್ನೂ ಸುಟ್ಟುಹಾಕಿತು. ಅದೇ ದಂಡಿನಲ್ಲಿದ್ದ ರಿಚರ್ಡ್ ಬ್ಯಾಗ್ನಲ್ ಎಂಬ ಅಧಿಕಾರಿ ಅಲ್ಲಿನ ‘ಪಪೂನ್’ ಎಂಬ ಸಿಹಿ ತಳಿಯ ತೆನೆಗಳನ್ನು ಮ್ಯಾಸಚೂಸೆಟ್ಸ್‌ನ ಪ್ಲಿಮತ್‌ಗೆ ತಂದ. ಬಿಳಿಯ ವಲಸಿಗರ ತೋಟದಲ್ಲಿ ಸ್ವೀಟ್ ಕಾರ್ನ್ ಬೆಳೆದ ಮೊದಲ ದಾಖಲೆಗಳಲ್ಲಿ ಇದೊಂದು.

ಮುಂದಿನ ತಿರುವು ಸಿಕ್ಕಿದ್ದು ಗ್ರೀನ್‌ಫೀಲ್ಡ್‌ನಲ್ಲಿ. ಸೆಪ್ಟೆಂಬರ್‌ನಲ್ಲಿ ಕಾರುಗಳು ಸಾಲುಗಟ್ಟುವ ಅದೇ ಕಣಿವೆಯ ಊರು. ಅಲ್ಲಿನ ರೈತ ವಿಲಿಯಂ ಚೇಂಬರ್ಸ್ ತನ್ನ ತೋಟದಲ್ಲಿ ಗಿಡ್ಡ ತೆನೆಯ, ಹಳದಿ ಕಾಳಿನ ಸಿಹಿ ತಳಿಯೊಂದನ್ನು ಬೆಳೆಸಿದ್ದ. ಆಗ ಹಳದಿ ಎಂದರೆ ದನದ ಮೇವು, ಮನುಷ್ಯರು ತಿನ್ನುವುದು ಬಿಳಿ ಕಾಳು ಎಂಬ ಭಾವನೆ ಗಟ್ಟಿಯಾಗಿತ್ತು. ಚೇಂಬರ್ಸ್ ತೀರಿಕೊಂಡ ಮೇಲೆ ಆ ಬೀಜ ಕೈಯಿಂದ ಕೈಗೆ ಸಾಗಿ ಫಿಲಡೆಲ್ಫಿಯದ ಬೀಜ ವ್ಯಾಪಾರಿ ಬರ್ಪಿಯನ್ನು ತಲುಪಿತು. 1902ರಲ್ಲಿ ‘ಗೋಲ್ಡನ್ ಬ್ಯಾಂಟಮ್’ ಎಂಬ ಹೆಸರಿನಲ್ಲಿ ಮಾರುಕಟ್ಟೆಗೆ ಬಂತು. ಕಾರ್ನ್ ಚೌಡರ್ ಎಂದರೆ ಹಳದಿ ಎಂದು ಇಂದು ಕಣ್ಣಿಗೆ ಒಗ್ಗಿರುವುದಕ್ಕೆ ಈ ತಳಿಯೂ ಒಂದು ಕಾರಣ.

ಹಳೆಯ ಸಿಹಿ ತಳಿಗಳಲ್ಲಿ ಒಂದು ಕಷ್ಟವಿತ್ತು. ಕಿತ್ತ ಕ್ಷಣದಿಂದ ಕಾಳಿನ ಸಕ್ಕರೆ ಪಿಷ್ಟವಾಗತೊಡಗುತ್ತದೆ. ಸೆಕೆಯಲ್ಲಿ ಬಿಟ್ಟರೆ ಒಂದೇ ದಿನಕ್ಕೆ ಅರ್ಧದಷ್ಟು ಸಿಹಿ ಹೋಯಿತು. ನೀರು ಕುದಿಯಲು ಇಟ್ಟ ಮೇಲೆಯೇ ತೆನೆ ಕೀಳಲು ಹೊರಡಬೇಕು ಎಂಬ ಹಳೆಯ ಮಾತು ಬಂದದ್ದು ಇದರಿಂದಲೇ.

ಇಲಿನಾಯ್ ವಿಶ್ವವಿದ್ಯಾಲಯದ ತಳಿವಿಜ್ಞಾನಿ ಜಾನ್ ಲಾಕ್ನನ್ 1953ರಲ್ಲಿ ಇನ್ನೊಂದು ದಾರಿ ತೋರಿಸಿದರು. ಒಣಗಿದಾಗ ಕಾಳು ಸುಕ್ಕುಗಟ್ಟುವಂತೆ ಮಾಡುವ ಒಂದು ವಂಶವಾಹಿ ಸಿಹಿಯನ್ನು ಹೆಚ್ಚಿಸುತ್ತದೆ, ಅದು ಬೇಗ ಪಿಷ್ಟವಾಗದಂತೆಯೂ ತಡೆಯುತ್ತದೆ ಎಂಬುದು ಅವರ ಶೋಧ. ‘ಸೂಪರ್‌ಸ್ವೀಟ್’ ತಳಿಗಳು ಬಂದದ್ದು ಹಾಗೆ. ದಿನಗಟ್ಟಲೆ ಲಾರಿಯಲ್ಲಿ ಸಾಗಿದರೂ ಇವು ಸಿಹಿಯಾಗಿಯೇ ಇರುತ್ತವೆ.

ಆದರೆ ಚೌಡರ್‌ಗೆ ಬೇಕಾದ ಒಂದು ಗುಣ ಇವುಗಳಲ್ಲಿ ಕಡಿಮೆ. ಹಳೆಯ ತಳಿಗಳ ಕಾಳಿನಲ್ಲಿ ಫೈಟೊಗ್ಲೈಕೊಜನ್ ಎಂಬ ನೀರಿನಲ್ಲಿ ಕರಗುವ ಅಂಶ ಧಾರಾಳವಾಗಿರುತ್ತದೆ. ಉಗುರು ಊರಿದರೆ ಹಾಲು ಚಿಮ್ಮುವುದು, ಬೇಯಿಸಿದರೆ ಸಾರಿಗೆ ಕೆನೆಯ ಮೈ ಬರುವುದು ಅದರಿಂದ. ಸೂಪರ್‌ಸ್ವೀಟ್ ಕಾಳು ಗರಿಗರಿ, ನೀರುನೀರು. ಹಾಗಾಗಿ ಇಂದಿನ ಪಾಕಗಳು ಗಟ್ಟಿತನಕ್ಕಾಗಿ ಆಲೂಗಡ್ಡೆ, ಕಾರ್ನ್‌ಫ್ಲೋರ್‌ಗಳ ಮೇಲೆ ಹೆಚ್ಚು ಭಾರ ಹಾಕುತ್ತವೆ.

ಶುಕ್ರವಾರ ಸಂಜೆಯ ಮಡಕೆ

ಈಗ ಪಾತ್ರೆಯ ಕಥೆ. ಅದು ಶುರುವಾಗುವುದು ಸಾವಿರಾರು ಮೈಲಿ ದೂರದ ವಿಲ್ನಾದಲ್ಲಿ, ಇಂದಿನ ಲಿಥುವೇನಿಯದ ರಾಜಧಾನಿ ವಿಲ್ನಿಯಸ್‌ನಲ್ಲಿ.

ಯಹೂದಿಗಳಿಗೆ ಶುಕ್ರವಾರ ಸೂರ್ಯಾಸ್ತದಿಂದ ಶನಿವಾರ ಸಂಜೆಯವರೆಗೆ ಸಬ್ಬತ್. ಆ ಹೊತ್ತಿನಲ್ಲಿ ಬೆಂಕಿ ಹೊತ್ತಿಸುವಂತಿಲ್ಲ, ಅಡುಗೆ ಮಾಡುವಂತಿಲ್ಲ. ಆದರೆ ಮೊದಲೇ ಬೆಂಕಿಗಿಟ್ಟದ್ದು ತನ್ನಷ್ಟಕ್ಕೆ ಬಿಸಿಯಾಗಿದ್ದರೆ ಅಡ್ಡಿಯಿಲ್ಲ. ಹಾಗಾಗಿ ಬೀನ್ಸ್, ಬಾರ್ಲಿ, ಆಲೂಗಡ್ಡೆ, ಮಾಂಸ ತುಂಬಿದ ಮಡಕೆಗಳನ್ನು ಶುಕ್ರವಾರ ಮಧ್ಯಾಹ್ನವೇ ಊರಿನ ಬೇಕರಿಗೆ ಒಯ್ಯುತ್ತಿದ್ದರು. ಬೇಕರಿಯ ಒಲೆ ವಾರದ ಕೆಲಸ ಮುಗಿಸಿ ನಿಧಾನವಾಗಿ ಆರುತ್ತಿತ್ತು, ಆ ಆರುವ ಕಾವಿನಲ್ಲಿ ಮಡಕೆಗಳು ರಾತ್ರಿಯಿಡೀ ಬೇಯುತ್ತಿದ್ದವು. ಶನಿವಾರ ಮಧ್ಯಾಹ್ನದ ಊಟಕ್ಕೆ ಚೋಲೆಂಟ್ ಎಂಬ ಈ ಅಡುಗೆ ಸಿದ್ಧ.

ವಿಲ್ನಾದಲ್ಲಿ ಬೆಳೆದ ತಮಾರಾ ಎಂಬ ಹೆಣ್ಣುಮಗಳು ಅಮೆರಿಕಕ್ಕೆ ಬಂದ ಮೇಲೆ ಈ ಕಥೆಯನ್ನು ಮಗನಿಗೆ ಹೇಳಿದಳು. ಆ ಮಗ ಇರ್ವಿಂಗ್, 1902ರಲ್ಲಿ ನ್ಯೂ ಜೆರ್ಸಿಯಲ್ಲಿ ಹುಟ್ಟಿದವ. ಮುಂದೆ ಷಿಕಾಗೊದಲ್ಲಿ ಎಂಜಿನಿಯರ್ ಆಗಿ, ಒಂದರ ಹಿಂದೊಂದು ಯಂತ್ರ ಕಟ್ಟುವ ಸಂಶೋಧಕನಾದ. ಬೇಕರಿಯ ಒಲೆಯ ಕಾವನ್ನು ಒಂದು ಮಡಕೆಯ ಸುತ್ತಲೇ ಸುತ್ತಿದರೆ ಹೇಗೆ ಎಂಬುದು ಅವನಿಗೆ ಹೊಳೆದ ದಾರಿ. ಪಾತ್ರೆಯ ಸುತ್ತ ವಿದ್ಯುತ್ ತಂತಿಯ ಸುರುಳಿ ಅಳವಡಿಸಿ 1936ರ ಮೇ ತಿಂಗಳಲ್ಲಿ ಪೇಟೆಂಟ್‌ಗೆ ಅರ್ಜಿ ಹಾಕಿದ. 1940ರ ಜನವರಿ 23ರಂದು ಅದು ಅವನ ಕೈಸೇರಿತು.

ಕುಟುಂಬದ ನಾಕುಮ್‌ಸೋನ್ ಎಂಬ ಹೆಸರನ್ನು 1945ರಲ್ಲಿ ನಾಕ್ಸನ್ ಎಂದು ಚಿಕ್ಕದಾಗಿಸಿಕೊಂಡ ಇರ್ವಿಂಗ್ ತನ್ನ ಪಾತ್ರೆಯನ್ನು ‘ನಾಕ್ಸನ್ ಬೀನರಿ’ ಎಂದು ಮಾರಿದ. ಹೆಸರೇ ಹೇಳುವಂತೆ ಅದು ಬೀನ್ಸ್ ಬೇಯಿಸುವ ಪಾತ್ರೆ. ಅದರಲ್ಲಿ ಬೇರೇನು ಬೇಯಿಸಬಹುದೆಂದು ಹೆಚ್ಚಿನವರು ಯೋಚಿಸಲೇ ಇಲ್ಲ.

ಹಸಿರು, ಹಳದಿ ಬಣ್ಣಗಳ ದಶಕ

1970ರಲ್ಲಿ ನಾಕ್ಸನ್ ತನ್ನ ಉದ್ದಿಮೆಯನ್ನು ಕ್ಯಾನ್ಸಸ್ ಸಿಟಿಯ ರೈವಲ್ ಕಂಪನಿಗೆ ಮಾರಿದ. ರೈವಲ್‌ನ ಪರೀಕ್ಷಾ ಅಡುಗೆಮನೆಯ ಗೃಹವಿಜ್ಞಾನಿಗಳು ಬೀನರಿಯನ್ನು ಬಿಚ್ಚಿ ನೋಡಿ, ಅದರಲ್ಲಿ ಮಾಂಸ, ಸೂಪು, ಕೊನೆಗೆ ಕೇಕ್ ಕೂಡ ಬೇಯಿಸಿ ನೋಡಿದರು. 1971ರಲ್ಲಿ ಪಾಕಗಳ ಪುಟ್ಟ ಪುಸ್ತಕದ ಜೊತೆ ಅದೇ ಪಾತ್ರೆ ‘ಕ್ರಾಕ್-ಪಾಟ್’ ಎಂಬ ಹೊಸ ಹೆಸರಿನಲ್ಲಿ ಷಿಕಾಗೊದ ಗೃಹೋಪಯೋಗಿ ವಸ್ತುಗಳ ಮೇಳಕ್ಕೆ ಬಂತು.

ಕಾಲವೂ ಕೂಡಿಬಂತು. ಅಮೆರಿಕದ ಹೆಂಗಸರು ದೊಡ್ಡ ಸಂಖ್ಯೆಯಲ್ಲಿ ಹೊರಗಿನ ಕೆಲಸಕ್ಕೆ ಹೋಗುತ್ತಿದ್ದರು, ಆದರೆ ಮನೆಯ ಅಡುಗೆ ಇನ್ನೂ ಅವರ ತಲೆಯ ಮೇಲೆಯೇ ಇತ್ತು. 1973ರ ತೈಲ ಬಿಕ್ಕಟ್ಟಿನಲ್ಲಿ ದೊಡ್ಡ ಓವನ್ ಉರಿಸುವುದು ದುಬಾರಿಯೆನಿಸಿತು. ಆವಕಾಡೊ ಹಸಿರು, ಗೋಧಿ ಹಳದಿ ಬಣ್ಣಗಳ ಕ್ರಾಕ್-ಪಾಟ್ ಮದುವೆಯ ಉಡುಗೊರೆಗಳ ಪಟ್ಟಿಗೆ ಸೇರಿತು. 1974ರಲ್ಲಿ ಒಳಗಿನ ಪಿಂಗಾಣಿ ಪಾತ್ರೆಯನ್ನು ಹೊರತೆಗೆದು ತೊಳೆಯುವಂತಾದಾಗ ಉಳಿದಿದ್ದ ದೊಡ್ಡ ತಕರಾರೂ ಹೋಯಿತು. 1971ರಲ್ಲಿ 20 ಲಕ್ಷ ಡಾಲರ್ ಇದ್ದ ವಾರ್ಷಿಕ ಮಾರಾಟ 1975ಕ್ಕೆ 9.3 ಕೋಟಿ ಡಾಲರ್ ಮುಟ್ಟಿತು. ಅದೇ ವರ್ಷ ಬಂದ ಮೇಬಲ್ ಹಾಫ್‌ಮನ್‌ರ ‘ಕ್ರಾಕರಿ ಕುಕರಿ’ ಲಕ್ಷಗಟ್ಟಲೆ ಪ್ರತಿ ಖರ್ಚಾಯಿತು.

ಈ ಪಾತ್ರೆಯ ಮೇಲೆ ಜನರಿಗಿರುವ ನಂಟು ಎಷ್ಟೆಂಬುದು 2018ರ ಜನವರಿಯಲ್ಲಿ ತಮಾಷೆಯಾಗಿ ಬಯಲಾಯಿತು. ‘ದಿಸ್ ಈಸ್ ಅಸ್’ ಎಂಬ ಜನಪ್ರಿಯ ಧಾರಾವಾಹಿಯ ಕಥೆಯಲ್ಲಿ ಹಳೆಯ ಸ್ಲೋ ಕುಕ್ಕರೊಂದು ಮನೆಗೆ ಬೆಂಕಿ ಹಚ್ಚಿತು. ಕಥೆ ಕಟ್ಟುಕಥೆ, ಆದರೆ ನೋಡುಗರ ಗಾಬರಿ ನಿಜ. ಕ್ರಾಕ್-ಪಾಟ್ ಕಂಪನಿ ತನ್ನ ಪಾತ್ರೆಗಳ ಸುರಕ್ಷತೆಯ ಬಗ್ಗೆ ಬಹಿರಂಗ ಹೇಳಿಕೆ ಕೊಡಬೇಕಾಯಿತು. ಆ ಧಾರಾವಾಹಿಯ ನಟನೇ ಜಾಹೀರಾತಿನಲ್ಲಿ ಬಂದು ಪಾತ್ರೆಯನ್ನು ಖುಲಾಸೆ ಮಾಡಿದ.

[ಬಾಕ್ಸ್] ಕಲ್ಕತ್ತೆಯ ಅಣ್ಣ

ನಾಕ್ಸನ್‌ಗಿಂತ ಮೊದಲೇ ಭಾರತದಲ್ಲೂ ಇಂಥದೊಂದು ಯೋಚನೆ ಪಾತ್ರೆಯ ರೂಪ ಪಡೆದಿತ್ತು. ಕಲ್ಕತ್ತೆಯ ವೈದ್ಯ ಇಂದುಮಾಧವ ಮಲ್ಲಿಕ್ 1910ರಲ್ಲಿ ರೂಪಿಸಿದ ಇಕ್ಮಿಕ್ ಕುಕ್ಕರ್‌ನಲ್ಲಿ ಟಿಫಿನ್ ಕ್ಯಾರಿಯರ್‌ನಂತೆ ಒಂದರ ಮೇಲೊಂದು ಡಬ್ಬಿಗಳಿದ್ದವು. ಅಡಿಯಲ್ಲಿ ಇದ್ದಿಲಿನ ಕೆಂಡ, ಮೇಲೆ ಅನ್ನ, ಬೇಳೆ, ತರಕಾರಿ. ಕೆಂಡದ ಮಂದ ಕಾವಿಗೆ ಏಳುವ ಹಬೆಯಲ್ಲಿ ಎಲ್ಲವೂ ನಿಧಾನವಾಗಿ ಬೇಯುತ್ತಿತ್ತು. ಒಂಟಿಯಾಗಿ ಬದುಕುವ ನೌಕರರಿಗೂ ಪ್ರಯಾಣಿಕರಿಗೂ ಇದು ಅನುಕೂಲ. ಕರೆಂಟ್ ಬೇಕಿರಲಿಲ್ಲ, ಕಾವಲು ಕೂರಬೇಕಿರಲಿಲ್ಲ.

ಮುಚ್ಚಳದ ಕೆಳಗೆ

ಸ್ಲೋ ಕುಕ್ಕರ್ ಬಳಸುವ ವಿದ್ಯುತ್ ಸಾಮಾನ್ಯವಾಗಿ 150ರಿಂದ 300 ವ್ಯಾಟ್. ನಮ್ಮ ಇಂಡಕ್ಷನ್ ಒಲೆ ಪೂರ್ತಿ ಉರಿಯಲ್ಲಿ 2,000 ವ್ಯಾಟ್ ಎಳೆಯುತ್ತದೆ. ಕಾವು ತಳದಿಂದ ಒಮ್ಮೆಲೇ ನುಗ್ಗದೆ, ಪಕ್ಕಗಳಿಂದ ದಪ್ಪ ಪಿಂಗಾಣಿಯ ಮೂಲಕ ಇಳಿಯುವುದರಿಂದ ತಳ ಹಿಡಿಯುವುದು ಅಪರೂಪ.

‘ಲೋ’ ಎಂದರೆ ಕಡಿಮೆ ಬಿಸಿ, ‘ಹೈ’ ಎಂದರೆ ಹೆಚ್ಚು ಬಿಸಿ ಎಂದು ಹಲವರು ತಿಳಿದಿರುತ್ತಾರೆ. ಹೆಚ್ಚಿನ ಮಾದರಿಗಳಲ್ಲಿ ಕೊನೆಗೆ ಎರಡೂ ಮುಟ್ಟುವುದು ಕುದಿಯ ಹತ್ತಿರದ ಒಂದೇ ಮಟ್ಟವನ್ನು. ವ್ಯತ್ಯಾಸವಿರುವುದು ವೇಗದಲ್ಲಿ: ಹೈನಲ್ಲಿ ಮೂರ್ನಾಲ್ಕು ಗಂಟೆ, ಲೋನಲ್ಲಿ ಏಳೆಂಟು ಗಂಟೆ.

ಮೇಲೇಳುವ ಹಬೆ ಮುಚ್ಚಳಕ್ಕೆ ತಾಗಿ ನೀರಾಗಿ ಮತ್ತೆ ಒಳಗೇ ಬೀಳುತ್ತದೆ. ಅಂಚಿಗೆ ಇಳಿದ ನೀರು ಮುಚ್ಚಳವನ್ನು ಭದ್ರವಾಗಿ ಕೂರಿಸುತ್ತದೆ. ಆದ್ದರಿಂದ ಸಾರು ಬತ್ತುವುದಿಲ್ಲ. ಒಲೆಯ ಮೇಲಿನ ಪಾಕಕ್ಕಿಂತ ನೀರು ಕಡಿಮೆಯೇ ಸಾಕು. ನಡುವೆ ಒಮ್ಮೆ ಇಣುಕಿ ನೋಡಿದರೆ ಹೋದ ಕಾವು ಮರಳಲು 20ರಿಂದ 30 ನಿಮಿಷ ಬೇಕು.

ಹೊಸಬರನ್ನು ಸೋಲಿಸುವುದು ಆಲೂಗಡ್ಡೆ. ಮಾಂಸ ಬೆಂದು ಬಿಡಿಬಿಡಿಯಾದರೂ ಆಲೂಗಡ್ಡೆಯ ನಡುಭಾಗ ಕಟುಕಟು ಎನ್ನುತ್ತಿರುತ್ತದೆ. ಕಾರಣ ಜೀವಕೋಶಗಳನ್ನು ಬೆಸೆಯುವ ಪೆಕ್ಟಿನ್. ತರಕಾರಿ 55ರಿಂದ 60 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ಬಹಳ ಹೊತ್ತು ನಿಂತರೆ ಅದರೊಳಗಿನ ಒಂದು ಕಿಣ್ವ ಪೆಕ್ಟಿನ್ನನ್ನು ಇನ್ನಷ್ಟು ಬಿಗಿ ಮಾಡಿಬಿಡುತ್ತದೆ. ಸ್ಲೋ ಕುಕ್ಕರ್ ಆ ಹಂತವನ್ನು ನಿಧಾನವಾಗಿ ದಾಟುತ್ತದೆ. ಪರಿಹಾರ ಸರಳ: ತುಂಡು ಚಿಕ್ಕದಿರಲಿ, ತಳಕ್ಕೆ ಇರಲಿ, ಹುಯ್ಯುವ ನೀರು ಕುದಿಯುತ್ತಿರಲಿ. ಟೊಮೆಟೊ, ನಿಂಬೆಯಂಥ ಹುಳಿ ಬೇಡವೇ ಬೇಡ, ಹುಳಿಯೂ ಆಲೂಗಡ್ಡೆ ಮೆತ್ತಗಾಗುವುದನ್ನು ತಡೆಯುತ್ತದೆ.

ತೆನೆಯಿಂದ ಕಾಳು ಬಿಡಿಸಿದ ಮೇಲೆ ಉಳಿಯುವ ದಿಂಡನ್ನು ಎಸೆಯುವವರೇ ಹೆಚ್ಚು. ಎಂಟು ಗಂಟೆಯ ಮಂದ ಕಾವು ನಿಜಕ್ಕೂ ಪ್ರಯೋಜನಕ್ಕೆ ಬರುವುದು ಅದಕ್ಕೇ. ದಿಂಡನ್ನು ಮುರಿದು ಆಲೂಗಡ್ಡೆಯ ಜೊತೆ ಮುಳುಗಿಸಿದರೆ ಅದರ ಸಿಹಿ, ಪರಿಮಳ ಎರಡೂ ನೀರಿಗಿಳಿಯುತ್ತವೆ. ಬೇರೆ ಸ್ಟಾಕ್ ಬೇಕಾಗುವುದಿಲ್ಲ. ಹಂದಿಕೊಬ್ಬಿನ ಹೊಗೆ ವಾಸನೆ ಬೇಡದ ಸಸ್ಯಾಹಾರಿಗಳಿಗೆ ಬೆಣ್ಣೆ ಮತ್ತು ಹೊಗೆಯಾಡಿಸಿದ ಮೆಣಸಿನ ಪುಡಿ, ಅಂದರೆ ಸ್ಮೋಕ್ಡ್ ಪ್ಯಾಪ್ರಿಕ, ಆ ಜಾಗ ತುಂಬುತ್ತವೆ.

[ಬಾಕ್ಸ್] ಆರು ಮಂದಿಗೆ ಕಾರ್ನ್ ಚೌಡರ್

ಬೇಕಾಗುವುದು: ಸ್ವೀಟ್ ಕಾರ್ನ್ 6 ತೆನೆ, ಆಲೂಗಡ್ಡೆ 700 ಗ್ರಾಂ, ದೊಡ್ಡ ಈರುಳ್ಳಿ 1, ಸೆಲರಿ 2 ದಂಟು, ಕ್ಯಾರೆಟ್ 1, ಬೆಳ್ಳುಳ್ಳಿ 3 ಎಸಳು, ಬೆಣ್ಣೆ 40 ಗ್ರಾಂ, ಕುದಿಯುವ ನೀರು 4 ಕಪ್, ಪಲಾವ್ ಎಲೆ 1, ಥೈಮ್ ಮತ್ತು ಸ್ಮೋಕ್ಡ್ ಪ್ಯಾಪ್ರಿಕ ಅರ್ಧರ್ಧ ಟೀ ಚಮಚ, ಗಟ್ಟಿ ಹಾಲು 1 ಕಪ್, ಕಾರ್ನ್‌ಫ್ಲೋರ್ 2 ಟೇಬಲ್ ಚಮಚ, ಫ್ರೆಶ್ ಕ್ರೀಮ್ ಅರ್ಧ ಕಪ್, ಉಪ್ಪು, ಕಾಳುಮೆಣಸಿನ ಪುಡಿ.

ಬೆಳಿಗ್ಗೆ: ಐದು ತೆನೆಗಳ ಕಾಳು ಬಿಡಿಸಿ ಫ್ರಿಜ್‌ನಲ್ಲಿಡಿ. ಆರನೆಯದನ್ನು ತುರಿಯಿರಿ. ಬೆಣ್ಣೆಯಲ್ಲಿ ಈರುಳ್ಳಿ, ಸೆಲರಿ, ಬೆಳ್ಳುಳ್ಳಿ ಬಾಡಿಸಿ. ಒಂದೂವರೆ ಸೆಂಟಿಮೀಟರ್ ಚೌಕಕ್ಕೆ ಹೆಚ್ಚಿದ ಆಲೂಗಡ್ಡೆ ತಳಕ್ಕೆ, ಮೇಲೆ ಕ್ಯಾರೆಟ್, ಬಾಡಿಸಿದ್ದು, ತುರಿದ ಕಾರ್ನ್, ಮೂರು ದಿಂಡು, ಮಸಾಲೆ, ಸ್ವಲ್ಪ ಉಪ್ಪು. ಕುದಿಯುವ ನೀರು ಹುಯ್ದು ಮುಚ್ಚಿ. ಲೋನಲ್ಲಿ 7–8 ಗಂಟೆ ಅಥವಾ ಹೈನಲ್ಲಿ 4 ಗಂಟೆ.

ಸಂಜೆ: ದಿಂಡು, ಪಲಾವ್ ಎಲೆ ತೆಗೆಯಿರಿ. ಒಂದೆರಡು ಸೌಟು ಆಲೂಗಡ್ಡೆಯನ್ನು ಅಲ್ಲೇ ಮಸೆಯಿರಿ. ಕಾಳು ಹಾಕಿ ಹೈಗೆ ತಿರುಗಿಸಿ, 20–30 ನಿಮಿಷ ಬಿಡಿ. ಅಷ್ಟರಲ್ಲಿ ತಣ್ಣನೆಯ ಹಾಲಿಗೆ ಕಾರ್ನ್‌ಫ್ಲೋರ್ ಕದಡಿ, ಒಲೆಯ ಮೇಲೆ ಕೈಯಾಡಿಸುತ್ತ ಗಟ್ಟಿಯಾಗುವವರೆಗೆ ಕುದಿಸಿ, ಚೌಡರ್‌ಗೆ ಬೆರೆಸಿ. ಸ್ವಿಚ್ ಆರಿಸಿ ಕ್ರೀಮ್, ಮೆಣಸಿನ ಪುಡಿ ಸೇರಿಸಿ, ಉಪ್ಪು ನೋಡಿ.

ಕೊನೆಯ ಅರ್ಧ ಗಂಟೆ

ದಿನವೂ ಹಾಲು ಉಕ್ಕಿಸುವ ನಮ್ಮ ಮನೆಗಳಿಗೆ ಹಾಲು ಕುದಿದರೆ ಒಡೆಯುವುದಿಲ್ಲ ಎಂದು ಗೊತ್ತು. ಚೌಡರ್‌ನಲ್ಲಿ ಒಡೆಯುವುದೇಕೆ? ತರಕಾರಿಗಳಲ್ಲಿ ತುಸು ಹುಳಿ ಇರುತ್ತದೆ, ಸಾರಿನಲ್ಲಿ ಉಪ್ಪಿರುತ್ತದೆ. ಇವೆರಡರ ಜೊತೆ ಗಂಟೆಗಟ್ಟಲೆ ಬಿಸಿ ಸೇರಿದರೆ ಹಾಲಿನ ಕೇಸಿನ್ ಎಂಬ ಪ್ರೋಟೀನು ಗಂಟುಗಟ್ಟಿ ನೀರು ಬಿಡುತ್ತದೆ. ಕ್ರೀಮಿನಲ್ಲಿ ಕೊಬ್ಬು ಹೆಚ್ಚು, ಪ್ರೋಟೀನು ಕಡಿಮೆ. ಹಾಗಾಗಿ ಅದು ಅಷ್ಟು ಸುಲಭಕ್ಕೆ ಒಡೆಯುವುದಿಲ್ಲ. ಪಿಷ್ಟ ಬೆರೆಸಿ ಕುದಿಸಿದ ಹಾಲೂ ಗಟ್ಟಿಗ. ಒಲೆಯ ಮೇಲೆ ಹಾಲನ್ನು ಬೇರೆಯಾಗಿ ಗಟ್ಟಿ ಮಾಡಿ ಸೇರಿಸುವುದಕ್ಕೆ ಇನ್ನೊಂದು ಲಾಭವಿದೆ. ಸ್ಲೋ ಕುಕ್ಕರ್‌ನ ಮಂದ ಕಾವಿಗೆ ಕಾರ್ನ್‌ಫ್ಲೋರ್ ಪೂರ್ತಿ ಬೇಯಲು ಬಹಳ ಹೊತ್ತು ಬೇಕು, ಅರೆಬೆಂದರೆ ಹಸಿ ಹಿಟ್ಟಿನ ರುಚಿ ನಾಲಿಗೆಗೆ ಅಂಟುತ್ತದೆ.

ಕಾಳಿನದೂ ಇದೇ ಕಥೆ. ಸೂಪರ್‌ಸ್ವೀಟ್ ತಳಿಯ ಗುಣವೇ ಗರಿಗರಿತನ. ಎಂಟು ಗಂಟೆ ಬೇಯಿಸಿದರೆ ಉಳಿಯುವುದು ಹಲ್ಲಿಗೆ ಸಿಕ್ಕುವ ಸಿಪ್ಪೆ ಮಾತ್ರ.

ಯಂತ್ರಗಳು ಜಾಣವಾಗಿವೆ. ಹೊತ್ತು ಮುಗಿದೊಡನೆ ತಾವೇ ಬೆಚ್ಚಗಿಡುವ ಹಂತಕ್ಕೆ ಇಳಿಯುವ ಪಾತ್ರೆಗಳು ಈಗ ಮಾಮೂಲು. ಫೋನಿನಿಂದಲೇ ನಿಯಂತ್ರಿಸಬಹುದಾದ ಕ್ರಾಕ್-ಪಾಟ್ 2014ರಲ್ಲೇ ಬಂತು. ಹಾಲು ಹುಯ್ಯುವ ಗುಂಡಿ ಮಾತ್ರ ಇನ್ನೂ ಯಾವುದರಲ್ಲೂ ಬಂದಿಲ್ಲ.

[ಬಾಕ್ಸ್] ಕರೆಂಟ್ ಹೋದರೆ?

* ಅಮೆರಿಕದ ಕೃಷಿ ಇಲಾಖೆಯ ಪ್ರಕಾರ 4ರಿಂದ 60 ಡಿಗ್ರಿ ಸೆಲ್ಸಿಯಸ್ ನಡುವೆ ಬ್ಯಾಕ್ಟೀರಿಯ ಬೇಗ ಬೆಳೆಯುತ್ತವೆ. ಆದ್ದರಿಂದ ಹೆಪ್ಪುಗಟ್ಟಿದ ಮಾಂಸವನ್ನು ನೇರವಾಗಿ ಹಾಕಬಾರದು.
* ಮನೆಯಲ್ಲಿ ಯಾರೂ ಇಲ್ಲದಾಗ ಕರೆಂಟ್ ಹೋಗಿ ಬಂದಿದ್ದರೆ, ಬೆಂದಂತೆ ಕಂಡರೂ ಆ ಅಡುಗೆಯನ್ನು ಎಸೆಯಬೇಕು. ಮನೆಯಲ್ಲಿದ್ದರೆ ತಕ್ಷಣ ಗ್ಯಾಸ್ ಒಲೆಗೆ ವರ್ಗಾಯಿಸಿ.
* ಪಾತ್ರೆ ಅರ್ಧದಿಂದ ಮೂರನೇ ಎರಡು ಭಾಗದವರೆಗೆ ತುಂಬಿರಲಿ.
* ರಾಜ್ಮಾ ಹಾಕುವುದಿದ್ದರೆ ನೆನೆಸಿ, ಒಲೆಯ ಮೇಲೆ ಚೆನ್ನಾಗಿ ಕುದಿಸಿದ ಮೇಲೆ ಹಾಕಿ. ಹಸಿ ರಾಜ್ಮಾದ ವಿಷಕಾರಿ ಅಂಶ ಮಂದ ಕಾವಿಗೆ ನಾಶವಾಗುವುದಿಲ್ಲ.
* ಅಮೆರಿಕದಿಂದ ತಂದ 120 ವೋಲ್ಟ್ ಪಾತ್ರೆಯನ್ನು ಇಲ್ಲಿನ 230 ವೋಲ್ಟ್‌ಗೆ ನೇರ ಸಿಕ್ಕಿಸಬೇಡಿ. ತಂತಿ ನಾಲ್ಕು ಪಟ್ಟಿನ ಹತ್ತಿರ ವಿದ್ಯುತ್ ಎಳೆದು ಸುಟ್ಟುಹೋಗುತ್ತದೆ.

ಇಲ್ಲಿ ಮಾಡುವುದಾದರೆ

ಕರ್ನಾಟಕಕ್ಕೆ ಮೆಕ್ಕೆಜೋಳ ಹೊಸದಲ್ಲ. ದಾವಣಗೆರೆ, ಹಾವೇರಿ, ಚಿತ್ರದುರ್ಗದ ಮಳೆಯಾಶ್ರಿತ ಹೊಲಗಳಲ್ಲಿ ಇದು ದೊಡ್ಡ ಬೆಳೆ. ಆದರೆ ಅದರಲ್ಲಿ ಬಹುಪಾಲು ಕೋಳಿ ಆಹಾರಕ್ಕೂ ಪಿಷ್ಟದ ಕಾರ್ಖಾನೆಗೂ ಹೋಗುವ ಒಣಕಾಳು. ಚೌಡರ್‌ಗೆ ಅದು ಬಾರದು. ಚಿಕ್ಕಬಳ್ಳಾಪುರ, ಕೋಲಾರದ ಕಡೆ ಬೆಳೆಯುವ, ನಂದಿಬೆಟ್ಟದ ದಾರಿಯಲ್ಲಿ ಉಪ್ಪು, ಖಾರ, ನಿಂಬೆ ಸವರಿ ಮಾರುವ ಸ್ವೀಟ್ ಕಾರ್ನ್ ಸರಿಹೊಂದುತ್ತದೆ. ಮಳೆಗಾಲದ ಸಂಜೆ ಅದು ಬೆಂಗಳೂರಿನ ಬೀದಿಬೀದಿಯಲ್ಲಿ ಸಿಗುತ್ತದೆ.

ಸ್ಲೋ ಕುಕ್ಕರ್ ಇಲ್ಲದವರು ದಪ್ಪ ತಳದ ಪಾತ್ರೆಯಲ್ಲಿ ದಿಂಡು, ಆಲೂಗಡ್ಡೆಗಳನ್ನು ಸಣ್ಣ ಉರಿಯಲ್ಲಿ ಮುಕ್ಕಾಲು ಗಂಟೆ ಬೇಯಿಸಿದರೂ ನಡೆಯುತ್ತದೆ, ಉಳಿದ ಕ್ರಮ ಅದೇ. ಪ್ರೆಶರ್ ಕುಕ್ಕರ್‌ನಲ್ಲಾದರೆ ಎರಡು ಸೀಟಿ ಸಾಕು, ಆದರೆ ಆಲೂಗಡ್ಡೆ ಕರಗಿ ಗಂಜಿಯಾಗದಂತೆ ದೊಡ್ಡ ತುಂಡು ಹಾಕಬೇಕು. ಸೆಲರಿ ಸಿಗದಿದ್ದರೆ ಬಿಟ್ಟರಾಯಿತು. ಹಸಿಮೆಣಸಿನಕಾಯಿ ಸೇರಿಸಲು ಸಂಕೋಚ ಬೇಕಿಲ್ಲ, ಅಮೆರಿಕದ ನೈರುತ್ಯ ರಾಜ್ಯಗಳಲ್ಲೇ ಪೊಬ್ಲಾನೊ ಎಂಬ ಮೆಣಸಿನಕಾಯಿಯನ್ನು ಸುಟ್ಟು ಚೌಡರ್‌ಗೆ ಹಾಕುತ್ತಾರೆ.

ಬಡಿಸುವಾಗ ನ್ಯೂ ಇಂಗ್ಲೆಂಡಿನವರು ಮೇಲೆ ಆಯ್‌ಸ್ಟರ್ ಕ್ರ್ಯಾಕರ್ ಎಂಬ ಗುಂಡು ಬಿಸ್ಕತ್ತು ಉದುರಿಸುತ್ತಾರೆ. 1751ರ ಹಡಗಿನ ಬಿಸ್ಕತ್ತಿನ ಮರಿಮಕ್ಕಳು ಅವು. ಇಲ್ಲಿ ಬೇಕರಿಯ ಖಾರ ಬಿಸ್ಕತ್ತು ಪುಡಿ ಮಾಡಿ ಹಾಕಿದರೆ ಮೆಣಸು, ಕರಿಬೇವಿನ ಘಮ ಪುಕ್ಕಟೆ.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಬೇಕು, ಮೂರು ದಿನ ಚೆನ್ನಾಗಿರುತ್ತದೆ. ಫ್ರೀಜರ್ ಬೇಡ, ಹಾಲು ಬೇರೆ ನೀರು ಬೇರೆಯಾಗುತ್ತದೆ. ಮರುದಿನ ಪಿಷ್ಟ ಬಿಗಿದು ಚೌಡರ್ ಸೌಟಿಗೆ ನಿಲ್ಲುವಷ್ಟು ಗಟ್ಟಿಯಾಗಿರುತ್ತದೆ. ಅದನ್ನು ಮತ್ತೆ ಬಿಸಿ ಮಾಡುವ ಕೆಲಸ ಸ್ಲೋ ಕುಕ್ಕರ್‌ನದಲ್ಲ, ಅಷ್ಟು ನಿಧಾನ ಬಿಸಿ ಬ್ಯಾಕ್ಟೀರಿಯಕ್ಕೆ ಔತಣ. ಒಲೆಯ ಮೇಲೆ ಅರ್ಧ ಕಪ್ ಹಾಲು ಬೆರೆಸಿ ಬೇಗ ಬಿಸಿ ಮಾಡಿದರೆ, ಬೆಳಗಿನ ಬ್ರೆಡ್ ಟೋಸ್ಟ್‌ಗೆ ಒಳ್ಳೆಯ ಜೊತೆ.